ಅಪ್ಪನ ಮಾತಿಗೆ ಜಾಗ ಬಿಟ್ಟ ಸ್ಕ್ರಿಪ್ಟ್: ಒಂದು ಪ್ರಕರಣ ಅಧ್ಯಯನ

ಮಕ್ಕಳಿಂದ ಕಥೆ, ನಾಟಕ, ಕಿರುಚಿತ್ರ ಬರೆಸುವವರಿಗೆ ಉಪಯೋಗಕ್ಕೆ ಬರಲಿ ಎಂದು ಇದನ್ನು ಬರೆಯುತ್ತಿದ್ದೇನೆ. ರಾಯಚೂರು ಜಿಲ್ಲೆಯ ಒಂದು ಊರಿನಲ್ಲಿ ನಡೆದದ್ದು. ಊರಿನ ಹೆಸರು ಹೇಳುವುದಿಲ್ಲ. ಹುಡುಗನನ್ನು ಬಸು ಎಂದು ಕರೆಯುತ್ತೇನೆ, ಅದು ಅವನ ಹೆಸರಲ್ಲ. ಗುರುತು ಸಿಗಬಹುದಾದ ವಿವರಗಳನ್ನು ಬದಲಿಸಿದ್ದೇನೆ. ಅವನಿಗೆ ಈಗ 18 ದಾಟಿದೆ. ಇದನ್ನು ಅವನಿಗೂ ಅವನ ಅವ್ವನಿಗೂ ಓದಿ ಹೇಳಿದೆ. ಅವ್ವ ಎರಡು ಕಡೆ ಬೇಡ ಎಂದರು. ಅವನ್ನು ತೆಗೆದಿದ್ದೇನೆ.

ಹಿನ್ನೆಲೆ

ಎರಡು ಬೇಸಿಗೆಯ ಹಿಂದೆ ಪಿಯುಸಿ ಓದುವ 14 ಮಕ್ಕಳಿಗೆ ಕಿರುಚಿತ್ರದ ಶಿಬಿರ ನಡೆಸಿದೆ. 8 ಭಾನುವಾರ. ಶೂಟಿಂಗ್ ಎಲ್ಲ ಫೋನಿನಲ್ಲೇ. ಬೆಳಗ್ಗೆ 7ಕ್ಕೆ ಶುರು ಮಾಡಿ 11ಕ್ಕೆ ಮುಗಿಸುತ್ತಿದ್ದೆವು. ನಮ್ಮ ಕಡೆಯ ಮೇ ತಿಂಗಳ ಬಿಸಿಲು ಗೊತ್ತಿರುವವರಿಗೆ ಕಾರಣ ಹೇಳಬೇಕಿಲ್ಲ. ನಡುವೆ ಒಗ್ಗರಣಿ, ಮಿರ್ಚಿ, ಚಹಾ.

ಏನು ಸಿನಿಮಾ ಮಾಡೋಣ ಎಂದು ಕೇಳಿದಾಗ ಹುಡುಗರೆಲ್ಲ ಒಂದೇ ಸ್ವರದಲ್ಲಿ ಕ್ರೈಮ್ ಎಂದರು. ಬೇಡ ಎನ್ನಲಿಲ್ಲ. ಆದರೆ ಒಂದು ಷರತ್ತು ಹಾಕಿದೆ. ಕಥೆಯಲ್ಲಿ ನಿಮ್ಮ ವಯಸ್ಸಿನ ಹುಡುಗನೋ ಹುಡುಗಿಯೋ ಇರಬೇಕು, ಅವರ ಅಪ್ಪ ಇರಬೇಕು. ಈ ಬಗೆಯ ಸಿನಿಮಾಗಳಲ್ಲಿ ಸಾಮಾನ್ಯವಾಗಿ ಒಬ್ಬ ಹುಡುಗನಿಗೆ ಇಬ್ಬರು ಅಪ್ಪಂದಿರು ಇರುತ್ತಾರೆ ಎಂದು ವಿವರಿಸಿದೆ. ಒಬ್ಬ ಮನೆಯಲ್ಲಿರುವವನು. ಅವನ ಹತ್ತಿರ ದುಡ್ಡಿಲ್ಲ, ಮಾತೂ ಕಡಿಮೆ. ಇನ್ನೊಬ್ಬ ಬೀದಿಯಲ್ಲಿರುವವನು. ಅವನ ಹತ್ತಿರ ಗಾಡಿ ಇದೆ, ಜನ ಇದ್ದಾರೆ, ಜೇಬಿನಲ್ಲಿ ನೋಟಿದೆ. ಅವನು ಹುಡುಗನ ಹೆಗಲ ಮೇಲೆ ಕೈ ಹಾಕಿ ಮಾತಾಡಿಸುತ್ತಾನೆ. ತಾನು ಯಾರ ಮಗ ಎಂದು ಹುಡುಗ ಒಂದು ದಿನ ಹೇಳಲೇಬೇಕಾಗುತ್ತದೆ. ಆ ದಿನವೇ ಅವನು ದೊಡ್ಡವನಾಗುವ ದಿನ.

ನಮ್ಮ ಕಡೆ ಆ ಎರಡನೆಯ ಅಪ್ಪನಿಗೆ ಬೇರೆ ಹೆಸರೇ ಇದೆ. ಧಣಿ. ಮದುವೆಗೆ ಸಾಲ ಕೊಡುವವನು ಅವನು, ಆಸ್ಪತ್ರೆಗೆ ಗಾಡಿ ಕಳಿಸುವವನೂ ಅವನು. ಹಬ್ಬಕ್ಕೆ ಬಟ್ಟೆಯೂ ಅವನದೇ. ಇದೆಲ್ಲ ಸುಳ್ಳು ಪ್ರೀತಿ ಎಂದು ಹೇಳಲು ನನಗೆ ಬಾಯಿ ಬರುವುದಿಲ್ಲ. ಕೆಲವು ಸಲ ನಿಜವಾದ ಪ್ರೀತಿಯೇ ಇರುತ್ತದೆ. ಕಷ್ಟ ಶುರುವಾಗುವುದೂ ಅಲ್ಲಿಂದಲೇ.

ಬಸು ಮೂರನೇ ಭಾನುವಾರ 11 ಹಾಳೆ ಬರೆದು ತಂದ. ಅವನ ಕಥೆ ಮರಳಿನದು. ನಮ್ಮದು ಎರಡು ನದಿಗಳ ನಡುವಿನ ಜಿಲ್ಲೆ, ಉತ್ತರಕ್ಕೆ ಕೃಷ್ಣಾ, ದಕ್ಷಿಣಕ್ಕೆ ತುಂಗಭದ್ರಾ. ಬೇಸಿಗೆಯಲ್ಲಿ ನೀರು ಇಳಿದರೆ ಎರಡೂ ಕಡೆ ಮರಳು. ಪರ್ಮಿಟ್ ಇರುವ ಲಾರಿಯೂ ಓಡುತ್ತದೆ, ಇಲ್ಲದ ಟ್ರ್ಯಾಕ್ಟರೂ ಓಡುತ್ತದೆ. ಮಳೆಗಾಲದ ಮುಂಚೆ ಆದಷ್ಟು ರಾಶಿ ಹಾಕಿಕೊಳ್ಳುವ ಆತುರ ಬೇರೆ.

ಕಥೆ ಹೀಗಿತ್ತು. ಅಪ್ಪ ಧಣಿಯ ಟ್ರ್ಯಾಕ್ಟರ್ ಓಡಿಸುತ್ತಾನೆ. ಒಂದು ರಾತ್ರಿ ಟ್ರಾಲಿಗೆ ಸೈಕಲ್ಲಿನವನೊಬ್ಬ ಸಿಕ್ಕು ಕಾಲು ಮುರಿದುಕೊಳ್ಳುತ್ತಾನೆ. ಪೊಲೀಸರು ಕೇಳಿಕೊಂಡು ಬರುತ್ತಾರೆ. ಧಣಿ ಮನೆಗೆ ಬಂದು ಹೇಳುತ್ತಾನೆ: "ಹುಡುಗ ಓಡಿಸ್ತಿದ್ದ ಅಂತ ಹೇಳು. ಸಣ್ಣಾಂವ ಅದಾನ, ಏನೂ ಆಗಂಗಿಲ್ಲ." ಮಗ ಒಪ್ಪುತ್ತಾನೆ. ಕೊನೆಯ ದೃಶ್ಯದಲ್ಲಿ ಮಗ ಸ್ಲೋ ಮೋಷನ್‌ನಲ್ಲಿ ಸ್ಟೇಷನ್ ಮೆಟ್ಟಿಲು ಹತ್ತುತ್ತಾನೆ. ಹಿಂದೆ ದೊಡ್ಡ ಮ್ಯೂಸಿಕ್. ಅಪ್ಪನ ಕಣ್ಣಲ್ಲಿ ನೀರು.

ನಾನು ಅದನ್ನು ಎಲ್ಲರೆದುರು ಗಟ್ಟಿಯಾಗಿ ಓದಿದೆ. ಹುಡುಗರು ಸಿಳ್ಳೆ ಹೊಡೆದರು. ಬಸು ತಲೆ ತಗ್ಗಿಸಿ ಕೂತಿದ್ದ. ನಾಚಿಕೆ ಇರಬೇಕು ಎಂದುಕೊಂಡೆ.

ಸಮಸ್ಯೆ ಕಂಡದ್ದು

ಮೊದಲು ಕಂಡದ್ದು ಬರವಣಿಗೆಯ ಸಮಸ್ಯೆ. ಧಣಿ ಆ ಮಾತು ಹೇಳುತ್ತಾನೆ, ಮಗ "ಆತು" ಎನ್ನುತ್ತಾನೆ. ಇವೆರಡರ ನಡುವೆ ಅಪ್ಪ ಏನು ಮಾಡುತ್ತಾನೆ? ಅಪ್ಪ ಅದೇ ಕೋಣೆಯಲ್ಲಿ ಇದ್ದಾನೆ. ಮಗನನ್ನು ಸ್ಟೇಷನ್ನಿಗೆ ಕಳಿಸುವ ಮಾತು ಅವನ ಕಿವಿಗೆ ಬಿದ್ದಿದೆ. ಅವನಿಗೆ ಒಂದು ಸಾಲೂ ಇಲ್ಲ. ಈ ಸಾಲು ಬರೆದುಕೊಂಡು ಬಾ ಎಂದು ಬಸುಗೆ ಹೇಳಿದೆ.

ನಾಲ್ಕನೇ ಭಾನುವಾರ ಎರಡನೇ ಪ್ರತಿ ತಂದ. ಉಳಿದದ್ದೆಲ್ಲ ಚೆನ್ನಾಗಿ ತಿದ್ದಿದ್ದ. ಆದರೆ 'ಅಪ್ಪ' ಎಂದು ಬರೆದು ಎರಡು ಚುಕ್ಕಿ ಇಟ್ಟು ಮುಂದೆ ಖಾಲಿ ಬಿಟ್ಟಿದ್ದ. "ಏನೂ ಹೊಳೀಲಿಲ್ರೀ ಸರ್" ಎಂದ. ಟ್ರಾಲಿಗೆ ಹಿಂದೆ ಲೈಟ್ ಇರುವುದಿಲ್ಲ, ಹಸಿ ಮರಳಿನ ನೀರು ದಾರಿಯುದ್ದಕ್ಕೂ ಸೋರಿ ಗುರುತು ಬಿಡುತ್ತದೆ, ಮುಂದೆ ಬೈಕಿನಲ್ಲಿ ಒಬ್ಬ ಫೋನ್ ಹಿಡಿದು ಕಾವಲು ಹೋಗುತ್ತಾನೆ, ಇದೆಲ್ಲ ಬರೆದವನಿಗೆ ಅಪ್ಪನ ಒಂದು ಮಾತು ಹೊಳೆಯಲಿಲ್ಲ. ಆಗ ನನಗೆ ಅನುಮಾನ ಬರಬೇಕಿತ್ತು. ಬರಲಿಲ್ಲ.

ಇನ್ನೊಂದು ಪ್ರಶ್ನೆ ಕೇಳಿದೆ. ಸೈಕಲ್ಲಿನವನು ಯಾರು? ಅವನಿಗೆ ಹೆಸರಿಲ್ಲ, ಮುಖ ಇಲ್ಲ. ಬಿದ್ದ ಮೇಲೆ ಅವನು ಕಥೆಯಲ್ಲೇ ಇಲ್ಲ. ಅವನಿಗೂ ಮನೆಯಲ್ಲಿ ಮಕ್ಕಳು ಇರಬಹುದಲ್ವಾ? ಬಸು ಉತ್ತರ ಕೊಡಲಿಲ್ಲ.

ಎಲ್ಲರೂ ಹೋದ ಮೇಲೆ ಚಹಾದ ಲೋಟ ತೊಳೆಯುವ ನೆಪದಲ್ಲಿ ಉಳಿದುಕೊಂಡ. "ಯಾರಿಗೂ ಹೇಳಂಗಿಲ್ಲ ಅಂತ ಮಾತು ಕೊಡ್ರಿ ಸರ್" ಎಂದ. ಕೊಟ್ಟೆ. "ಇದು ಕಥಿ ಅಲ್ರೀ" ಎಂದ.

ತಿಂಗಳ ಹಿಂದೆ ಆದದ್ದು. ಅವನು ಟ್ರ್ಯಾಕ್ಟರಿನ ಮಡ್‌ಗಾರ್ಡ್ ಮೇಲೆ ಅಪ್ಪನ ಪಕ್ಕ ಕೂತಿದ್ದ. ರಾತ್ರಿ ಅಪ್ಪನ ಜೊತೆ ಹೋಗಿ ಟ್ರಿಪ್ ಲೆಕ್ಕ ಇಟ್ಟರೆ ಧಣಿ ಕೈಗೆ 200 ರೂಪಾಯಿ ಕೊಡುತ್ತಿದ್ದ. ಪಿಯುಸಿ ಫೀಸು ಕಟ್ಟಿದ್ದೂ ಧಣಿಯೇ. ಟ್ರಾಲಿ ಬಡಿದಾಗ ಅಪ್ಪ ಬ್ರೇಕ್ ಹಾಕಿದರು. ಬೈಕಿನವನು ತಿರುಗಿ ಬಂದು "ನಡಿ ನಡಿ" ಎಂದ. ಅಪ್ಪ ನಡೆಸಿದರು. ಬಸು ತಿರುಗಿ ನೋಡಿದ. ಬೈಕಿನ ಬೆಳಕಿನಲ್ಲಿ ಆ ಮನುಷ್ಯ ರಸ್ತೆಯ ಮೇಲೆ ಕೂತು ಕೈಯಿಂದ ಚಪ್ಪಲಿ ಹುಡುಕುತ್ತಿದ್ದ. "ಕಾಲು ಮುರಿದಿತ್ತು ಸರ್, ಆದ್ರೂ ಚಪ್ಪಲಿ ಹುಡುಕ್ತಿದ್ದ" ಎಂದು ಬಸು ಎರಡು ಸಲ ಹೇಳಿದ. ಸ್ಕ್ರಿಪ್ಟ್‌ನಲ್ಲಿ ಆ ದೃಶ್ಯ ಇರಲಿಲ್ಲ.

ಧಣಿ ಮನೆಗೆ ಬಂದು ಹೇಳಿದ್ದು ಸ್ಕ್ರಿಪ್ಟ್‌ನಲ್ಲಿದ್ದ ಮಾತೇ. ಪೊಲೀಸರು ನೋಟಿಸ್ ಕೊಟ್ಟಿದ್ದರು. ಅಪಘಾತವಾದಾಗ ಗಾಡಿ ಯಾರು ಓಡಿಸುತ್ತಿದ್ದರು ಎಂದು ಪೊಲೀಸರು ಕೇಳಿದರೆ ಮಾಲೀಕ ಹೇಳಲೇಬೇಕು. ಮೋಟಾರು ವಾಹನ ಕಾಯ್ದೆಯ 133ನೇ ಕಲಂ ಹಾಗೆ ಹೇಳುತ್ತದೆ. ಮುಂದಿನ ಸೋಮವಾರ ಬಸು ಹೋಗಿ ನಾನೇ ಓಡಿಸಿದ್ದು ಎಂದು ಹೇಳುವುದು ಎಂದು ತೀರ್ಮಾನವಾಗಿತ್ತು. 8 ದಿನ ಬಾಕಿ. ಅಪ್ಪ ಆ ಕೋಣೆಯಲ್ಲಿ ಏನೂ ಅನ್ನದೆ ನೆಲ ನೋಡುತ್ತಾ ಕೂತಿದ್ದರಂತೆ. ಅದಕ್ಕೇ ಸಾಲು ಖಾಲಿ.

ಮಾಡಿ ನೋಡಿದ್ದು

ನನಗೆ ಮೊದಲು ಬಂದ ಆಸೆ ನಾಚಿಕೆಗೇಡಿನದು, ಆದರೂ ಹೇಳುತ್ತೇನೆ. ಚಪ್ಪಲಿ ಹುಡುಕುವ ದೃಶ್ಯವನ್ನು ಸ್ಕ್ರಿಪ್ಟ್‌ಗೆ ಸೇರಿಸಿದರೆ ಸಿನಿಮಾ ಎಲ್ಲಿಗೋ ಹೋಗುತ್ತದೆ ಎಂದು ಅನಿಸಿತು. ಆ ಯೋಚನೆ ಅರ್ಧ ಗಂಟೆಯಾದರೂ ನನ್ನ ತಲೆಯಲ್ಲಿತ್ತು. ಎದುರಿಗೆ ಒಬ್ಬ ಹುಡುಗ ಜೀವಮಾನದ ತಪ್ಪು ಮಾಡಲು ಹೊರಟಿದ್ದ, ನಾನು ಶಾಟ್ ಯೋಚಿಸುತ್ತಿದ್ದೆ.

ಎರಡನೆಯ ತಪ್ಪು ಆಗಲೇ ಆಗಿತ್ತು. ಯಾರಿಗೂ ಹೇಳುವುದಿಲ್ಲ ಎಂದು ಮಾತು ಕೊಡಬಾರದಿತ್ತು. ಸೋಮವಾರ ಬೆಳಗ್ಗೆ ಅವನನ್ನು ಕರೆದು, ನಾನು ಕೊಟ್ಟ ಮಾತು ಉಳಿಸಿಕೊಳ್ಳಲು ಆಗುವುದಿಲ್ಲ, ಒಬ್ಬ ವಕೀಲರಿಗೆ ಮತ್ತು ನಿಮ್ಮ ಅವ್ವನಿಗೆ ಮಾತ್ರ ಹೇಳುತ್ತೇನೆ, ನಿನ್ನ ಎದುರಿಗೇ ಹೇಳುತ್ತೇನೆ ಎಂದೆ. ಅವನು ಎದ್ದು ಹೋದ. ಒಂದು ದಿನ ಫೋನ್ ಎತ್ತಲಿಲ್ಲ. ಆ ದಿನ ನನಗೆ ಊಟ ಸೇರಲಿಲ್ಲ. ಮಂಗಳವಾರ ಅವನೇ ಬಂದ.

ರಾಯಚೂರಿನಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಮೂಲಕ ಒಬ್ಬ ವಕೀಲರು ಸಿಕ್ಕರು. ಮಕ್ಕಳಿಗೂ ಹೆಂಗಸರಿಗೂ ಅಲ್ಲಿ ದುಡ್ಡಿಲ್ಲದೆ ವಕೀಲರು ಸಿಗುತ್ತಾರೆ, ಆದಾಯ ಎಷ್ಟೇ ಇರಲಿ. ಇದು ನಮ್ಮಲ್ಲಿ ಬಹಳ ಜನಕ್ಕೆ ಗೊತ್ತಿಲ್ಲ. ಅವರು ಹೇಳಿದ್ದನ್ನು ಸ್ವಲ್ಪ ವಿವರವಾಗಿ ಬರೆಯುತ್ತೇನೆ. ಏಕೆಂದರೆ "ಸಣ್ಣಾಂವ ಅದಾನ, ಏನೂ ಆಗಂಗಿಲ್ಲ" ಎಂಬ ಮಾತನ್ನು ನಮ್ಮ ಸಿನಿಮಾಗಳೂ ನಂಬುತ್ತವೆ, ನಮ್ಮ ಮನೆಗಳೂ ನಂಬುತ್ತವೆ.

18 ತುಂಬದ ಹುಡುಗ ಓಡಿಸಿದ್ದ ಎಂದಾದರೆ ತಪ್ಪು ಹುಡುಗನ ಮೇಲೆ ನಿಂತು ಮುಗಿಯುವುದಿಲ್ಲ. ಮೋಟಾರು ವಾಹನ ಕಾಯ್ದೆಗೆ 2019ರಲ್ಲಿ ಆದ ತಿದ್ದುಪಡಿಯಲ್ಲಿ 199ಎ ಎಂಬ ಕಲಂ ಬಂದಿದೆ. ಅದರ ಪ್ರಕಾರ ಹುಡುಗನ ಪಾಲಕರು ಅಥವಾ ಗಾಡಿಯ ಮಾಲೀಕರು ತಪ್ಪಿತಸ್ಥರು. ತಮಗೆ ಗೊತ್ತಿರಲಿಲ್ಲ ಎಂದೋ, ತಡೆಯಲು ಪ್ರಯತ್ನಿಸಿದ್ದೆವು ಎಂದೋ ಅವರೇ ಸಾಬೀತು ಮಾಡಬೇಕು. ಇಲ್ಲದಿದ್ದರೆ 3 ವರ್ಷದವರೆಗೆ ಜೈಲು, 25,000 ರೂಪಾಯಿ ದಂಡ. ಗಾಡಿಯ ನೋಂದಣಿ 12 ತಿಂಗಳು ರದ್ದು. ಆ ಹುಡುಗನಿಗೆ 25 ವರ್ಷ ತುಂಬುವವರೆಗೆ ಲೈಸೆನ್ಸ್ ಸಿಗುವುದಿಲ್ಲ. ಟ್ರ್ಯಾಕ್ಟರ್ ಓಡಿಸಿಯೇ ಬದುಕುವ ಮನೆಯ ಹುಡುಗನಿಗೆ 25ರವರೆಗೆ ಲೈಸೆನ್ಸ್ ಇಲ್ಲ ಎಂದರೆ ಏನು ಎಂದು ಯೋಚಿಸಿ. ಗಾಯಗೊಂಡವರ ಪರಿಹಾರದ ವಿಷಯದಲ್ಲೂ, ಲೈಸೆನ್ಸ್ ಇಲ್ಲದವನು ಓಡಿಸಿದ್ದ ಎಂದಾದರೆ ವಿಮಾ ಕಂಪನಿ ಆ ಹಣವನ್ನು ಮಾಲೀಕನಿಂದ ವಸೂಲಿಗೆ ಕೇಳಬಹುದು. ಮರಳು ಸಾಗಿಸುತ್ತಿದ್ದದ್ದರಿಂದ ಅಪ್ಪ ಓಡಿಸಿದ್ದರೂ ಅದು ಸಲೀಸಲ್ಲ ಎಂದು ವಕೀಲರು ಮುಚ್ಚಿಡದೆ ಹೇಳಿದರು. ಸುಳ್ಳು ಹೇಳಿ ತಪ್ಪಿತಸ್ಥನನ್ನು ಉಳಿಸುವುದು ಇನ್ನೊಂದು ಅಪರಾಧ ಎಂದೂ ಹೇಳಿದರು.

ಆಮೇಲೆ ಒಂದು ಮಾತು ಕೇಳಿದರು. ಟ್ರ್ಯಾಕ್ಟರ್ ಯಾರ ಹೆಸರಲ್ಲಿದೆ? ಧಣಿಯದು ಎಂದೆ. ನೋಟಿಸ್ ಯಾರ ಹೆಸರಿಗೆ ಬಂದಿದೆ ನೋಡಿ ಎಂದರು. ನಾನು ನೋಡಿರಲಿಲ್ಲ.

ಬಾಲನ್ಯಾಯ ಕಾಯ್ದೆಯ ಒಂದು ಅಂಶವೂ ಇಲ್ಲಿ ಬರುತ್ತದೆ. ದೊಡ್ಡವರು ಮಕ್ಕಳನ್ನು ಕಾನೂನಿಗೆ ವಿರುದ್ಧವಾದ ಕೆಲಸಕ್ಕೆ ಬಳಸಿದರೆ 7 ವರ್ಷದವರೆಗೆ ಕಠಿಣ ಶಿಕ್ಷೆ, 5 ಲಕ್ಷ ದಂಡ. ಟ್ರಿಪ್ ಲೆಕ್ಕಕ್ಕೆ ರಾತ್ರಿ 200 ರೂಪಾಯಿ ಕೊಟ್ಟದ್ದು ಬಸು ಪಾಲಿಗೆ ಅಲ್ಲಿಯವರೆಗೂ ಧಣಿಯ ಪ್ರೀತಿಯಾಗಿತ್ತು. ತನ್ನನ್ನು ಬಳಸಿಕೊಂಡರು ಎಂದು ಕಾನೂನು ಹೇಳುತ್ತದೆ ಎಂಬುದು ಕೇಳಿ ಅವನು ಸಮಾಧಾನಪಡಲಿಲ್ಲ, ಬೇಜಾರು ಮಾಡಿಕೊಂಡ. ತಾನು ದೊಡ್ಡವನಾಗಿದ್ದೇನೆ ಎಂದೇ ಅವನು ಅಂದುಕೊಂಡಿದ್ದ.

ಮಂಗಳವಾರ ಸಂಜೆ ಅವ್ವನನ್ನು ಭೇಟಿಯಾದೆವು. ಮೊದಲು ಒಂದನ್ನೇ ಕೇಳಿದೆ: ಮನೆಯಲ್ಲಿ ಹೊಡೆಯುತ್ತಾರಾ? ಇಲ್ಲ ಎಂದರು. ಹೌದು ಎಂದಿದ್ದರೆ ನಾನು ಮುಂದೆ ಮಾಡಿದ್ದನ್ನು ಮಾಡುತ್ತಿರಲಿಲ್ಲ. ಇದನ್ನು ಓದಿ ಹೀಗೇ ಮಾಡಲು ಹೊರಡುವವರು ದಯವಿಟ್ಟು ಇದನ್ನು ಮರೆಯಬೇಡಿ.

ಬಸುಗೆ ಹೇಳಿದೆ, ಆ ಸಾಲನ್ನು ನೀನು ಬರೆಯಬೇಡ. ಸ್ಕ್ರಿಪ್ಟ್ ಅಪ್ಪನಿಗೆ ಓದಿ ಹೇಳು. ಅಲ್ಲಿಗೆ ಬಂದಾಗ ನಿಲ್ಲಿಸು.

ಅಪ್ಪನಿಗೆ ಓದಲು ಬರುವುದಿಲ್ಲ. ಬುಧವಾರ ರಾತ್ರಿ ಊಟ ಆದ ಮೇಲೆ ಬಸು ಓದಿದ. ನಾನು ಅಲ್ಲಿರಲಿಲ್ಲ, ಅವನು ಹೇಳಿದ್ದನ್ನೇ ಬರೆಯುತ್ತಿದ್ದೇನೆ. ಹಾಳೆ ಓದುತ್ತಾ ಹೋದಂತೆ ಅಪ್ಪ ಬೀಡಿ ಹಚ್ಚುವುದನ್ನು ಮರೆತು ಕೈಯಲ್ಲೇ ಹಿಡಿದುಕೊಂಡಿದ್ದರಂತೆ. ಖಾಲಿ ಸಾಲಿನ ಹತ್ತಿರ ಬಸು ನಿಲ್ಲಿಸಿದ. ಬಹಳ ಹೊತ್ತಿನ ಮೇಲೆ ಅಪ್ಪ ಕೇಳಿದರು: "ಅಲ್ಲಿ ನಾ ಏನೂ ಅನ್ನಂಗಿಲ್ಲೇನು?"

ಬಸು ಸುಮ್ಮನಿದ್ದ.

"ನಾ ಒಲ್ಲೆ ಅಂತ ಬರಿ" ಎಂದರು.

"ಖರೇನಾ?" ಎಂದ ಬಸು. ಅದಕ್ಕೆ ಅಪ್ಪ ಉತ್ತರ ಕೊಡದೆ ಎದ್ದು ಹೊರಗೆ ಹೋದರು.

ಗುರುವಾರ ಬಸು ನನಗೆ ಇದನ್ನು ಹೇಳುವಾಗ ಅವನ ಮುಖ ನೋಡಬೇಕಿತ್ತು. ಎಲ್ಲ ಸರಿ ಹೋಯಿತು ಎಂದು ನಾನೂ ನಂಬಿದೆ.

ಶುಕ್ರವಾರದಿಂದ ಸೋಮವಾರದವರೆಗೆ

ಶುಕ್ರವಾರ ಧಣಿ ಮನೆಗೆ ಬಂದರು. ಗದರಿಸಲಿಲ್ಲ. ಹಣ್ಣಿನ ಚೀಲ ತಂದಿದ್ದರು. ಹೊರಸಿನ ಮೇಲೆ ಕೂತು ಬಸುನ ಮಾರ್ಕ್ಸ್ ಕೇಳಿದರು. ಡಿಗ್ರಿಗೂ ನಾನೇ ಹಚ್ಚುತ್ತೇನೆ ಎಂದರು. ಅಪ್ಪನ ಹಳೆಯ ಸಾಲದ ಮಾತನ್ನು ಎತ್ತಲೇ ಇಲ್ಲ, ಎತ್ತದೇ ಇದ್ದದ್ದೇ ಎಲ್ಲರಿಗೂ ಕೇಳಿಸಿತು. ಅವರು ಹೋದ ಮೇಲೆ ಅಪ್ಪ ಹೇಳಿದರು: "ಉಂಡ ಮನಿಗೆ ಎರಡು ಬಗೀಬಾರದು." ಸೋಮವಾರ ಬಸು ಹೋಗುವುದು ಎಂದಾಯಿತು. ಬಸು ಕೂಡಲೇ ಒಪ್ಪಿದ. ಕಾನೂನು ಎಲ್ಲ ಗೊತ್ತಿದ್ದೂ ಒಪ್ಪಿದ. "ಅಪ್ಪನ ಮಾರಿ ನೋಡಾಕ ಆಗ್ಲಿಲ್ರೀ ಸರ್" ಎಂದ ಫೋನಿನಲ್ಲಿ.

ನಿಷ್ಠೆ ಎಂದರೆ ಇದೇ. ಇದನ್ನು ಮೂರ್ಖತನ ಎಂದು ತಳ್ಳಿಹಾಕುವವರಿಗೆ ನಮ್ಮ ಊರುಗಳು ಗೊತ್ತಿಲ್ಲ. ಕಷ್ಟಕ್ಕೆ ಆದವನಿಗೆ ಬೆನ್ನು ತಿರುಗಿಸಬಾರದು ಎಂಬುದು ಒಳ್ಳೆಯ ಪಾಠವೇ. ಆದರೆ ಈ ಋಣದ ಲೆಕ್ಕದಲ್ಲಿ ಯಾವಾಗಲೂ ಸಣ್ಣವರೇ ತೀರಿಸುವವರು. ಧಣಿಯ ಬದಲು ಅಪ್ಪ, ಅಪ್ಪನ ಬದಲು ಮಗ. ಮೇಲಿನಿಂದ ಕೆಳಗೆ ಜಾರಿ ಜಾರಿ ಮನೆಯಲ್ಲಿ ಎಲ್ಲರಿಗಿಂತ ಚಿಕ್ಕವನ ತಲೆ ಮೇಲೆ ಬಂದು ಕೂರುತ್ತದೆ.

ಶನಿವಾರ ನಾನು ಏನೂ ಮಾಡಲಿಲ್ಲ. ಏನು ಮಾಡಬೇಕೆಂದೇ ತೋಚಲಿಲ್ಲ. ಮಾಡಿದ್ದು ಅವ್ವ. ಟ್ರಂಕಿನಿಂದ ನೋಟಿಸ್ ತೆಗೆದುಕೊಂಡು, ಯಾರಿಗೂ ಹೇಳದೆ, ಬಸ್ ಹತ್ತಿ ರಾಯಚೂರಿಗೆ ಹೋದರು. ವಕೀಲರು ಓದಿ ಹೇಳಿದರು. ನೋಟಿಸ್ ಅವರ ಗಂಡನ ಹೆಸರಿಗೇ ಬಂದಿತ್ತು. ಟ್ರ್ಯಾಕ್ಟರ್ ಕಾಗದದ ಮೇಲೆ ಗಂಡನದು. ಮೂರು ವರ್ಷದ ಹಿಂದೆ ಧಣಿ ಫೈನಾನ್ಸಿನ ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಂಡಿದ್ದರು. ಕಂತು ಅವರೇ ಕಟ್ಟುತ್ತಿದ್ದರು, ದುಡಿಮೆಯೂ ಅವರಿಗೇ. ಎಂದಾದರೂ ಗಾಡಿ ಸಿಕ್ಕಿಬಿದ್ದರೆ ಹೆಸರು ಮಾತ್ರ ಇವರದು.

ಅಂದರೆ ಬಸು ತಾನೇ ಓಡಿಸಿದ್ದು ಎಂದರೆ ಅಪ್ಪ ಉಳಿಯುತ್ತಿರಲಿಲ್ಲ. ಪಾಲಕನೂ ಅಪ್ಪನೇ, ಮಾಲೀಕನೂ ಅಪ್ಪನೇ. ಎರಡೂ ಕಡೆಯಿಂದ ಅವರೇ ಸಿಗುತ್ತಿದ್ದರು. ಮಗನ ತ್ಯಾಗದಿಂದ ಉಳಿಯುತ್ತಿದ್ದವನು ಧಣಿ ಒಬ್ಬನೇ.

ಅವ್ವ ಮನೆಗೆ ಬಂದು ಕಾನೂನು ಮಾತಾಡಲಿಲ್ಲ. ಗಂಡನಿಗೆ ಒಂದು ಪ್ರಶ್ನೆ ಕೇಳಿದರು: "ಇಂಜಿನ್ ನಿಮ್ಮ ಹೆಸರಿಲೆ ಐತಂತ. ಹಂಗಾದ್ರ ಇಷ್ಟು ದಿನದ ಬಾಡಿಗಿ ರೊಕ್ಕ ಎಲ್ಲೈತ್ರಿ?"

ನನ್ನ ವಿವರಣೆ, ವಕೀಲರ ಕಲಮು, ಬಸುನ 11 ಹಾಳೆ ಇಷ್ಟೂ ಸೇರಿ ಮಾಡಲಾಗದ್ದನ್ನು ಆ ಪ್ರಶ್ನೆ ಮಾಡಿತು. ಮೂರು ವರ್ಷ ಉಂಡ ಮನೆ ಯಾರದು, ಉಣ್ಣಿಸಿದವರು ಯಾರು ಎಂಬುದು ತಿರುವುಮುರುವಾಯಿತು. ಅಪ್ಪ ಭಾನುವಾರ ಇಡೀ ದಿನ ಮಾತಾಡಲಿಲ್ಲ. ಸೋಮವಾರ ವಕೀಲರ ಜೊತೆ ತಾವೇ ಹೋಗಿ, ಓಡಿಸುತ್ತಿದ್ದವನು ನಾನು ಎಂದು ಬರೆಸಿದರು.

ಅದನ್ನು ದೊಡ್ಡ ಧೈರ್ಯದ ದೃಶ್ಯದಂತೆ ಬರೆಯಲಾರೆ. ಮೊದಲ ದಿನ ಅವರು ಧಣಿಯ ಹೆಸರು ಹೇಳಲಿಲ್ಲ, ಮರಳಿನ ಮಾತೂ ಎತ್ತಲಿಲ್ಲ. ಟ್ರ್ಯಾಕ್ಟರ್ ಜಪ್ತಿಯಾಯಿತು. ಧಣಿಗೆ ಫೋನ್ ಮಾಡಿದರು. ಎತ್ತಲಿಲ್ಲ. ನಾಲ್ಕು ದಿನ ಎತ್ತಲಿಲ್ಲ. ಎರಡನೇ ಸಲ ಕರೆದಾಗ ಎಲ್ಲ ಹೇಳಿದರು.

ಆಮೇಲೆ ಆದದ್ದು

ಸುಖವಾಗಿದ್ದರು ಎಂದು ಬರೆಯುವ ಹಾಗಿಲ್ಲ. ಕೇಸು ಇನ್ನೂ ಕೋರ್ಟಿನಲ್ಲಿದೆ. ಧಣಿ ತನ್ನ ಸಾಲವನ್ನು ಒಂದೇ ಸಲಕ್ಕೆ ವಾಪಸ್ ಕೇಳಿದ ಕಾರಣ ಅವ್ವನ ಓಲೆ ಹೋದವು. ಅಪ್ಪನಿಗೆ ಊರಿನಲ್ಲಿ ಯಾರೂ ಗಾಡಿ ಕೊಡಲಿಲ್ಲ. ಮನೆಮಂದಿ ಸಿಂಧನೂರು ಕಡೆ ಹೋದರು. ತುಂಗಭದ್ರಾ ಎಡದಂಡೆ ಕಾಲುವೆಯ ಭತ್ತದ ಸೀಮೆ ಅದು. ಅಲ್ಲಿ ಅಪ್ಪ ಬೇರೆಯವರ ಟ್ರ್ಯಾಕ್ಟರಿನಲ್ಲಿ ಗದ್ದೆ ಹೂಡುತ್ತಾರೆ. ಕೆಲಸ ಹಂಗಾಮಿಗೆ ಮಾತ್ರ. ಅಪ್ಪ ಮಗ ನಾಲ್ಕು ತಿಂಗಳು ಸರಿಯಾಗಿ ಮಾತಾಡಲಿಲ್ಲ. ಅಪ್ಪನಿಗೆ ಕೋಪ ಇರಲಿಲ್ಲ, ಮಗನ ಕಣ್ಣು ತಪ್ಪಿಸುತ್ತಿದ್ದರು. ಗಾಯಗೊಂಡವರ ಕಾಲಿಗೆ ರಾಡ್ ಹಾಕಿದ್ದಾರೆ, ಭಾರದ ಕೆಲಸ ಮಾಡಲಾಗುವುದಿಲ್ಲ. ವಕೀಲರು ಈಗ ಹೋಗಿ ಭೇಟಿಯಾಗಬೇಡಿ, ಸಾಕ್ಷಿ ತಿರುಗಿಸಲು ಬಂದಿದ್ದೀರಿ ಎಂದಾದೀತು ಎಂದರು. ಬಸುಗೆ ಅದು ಇವತ್ತಿಗೂ ಚುಚ್ಚುತ್ತದೆ.

ಇತ್ತ ಶಿಬಿರದಲ್ಲಿ ಹುಡುಗರು ಸ್ಲೋ ಮೋಷನ್‌ಗೆ ಕಾಯುತ್ತಿದ್ದರು. ಆ ಕಥೆ ಶೂಟ್ ಮಾಡುವುದು ಸಾಧ್ಯವೇ ಇರಲಿಲ್ಲ. ಅಪರಾಧಕ್ಕೆ ಸಾಕ್ಷಿಯಾದ ಮಗುವಿನ ಗುರುತು ಯಾವ ಮಾಧ್ಯಮದಲ್ಲೂ ಬಯಲಾಗಬಾರದು ಎಂದು ಬಾಲನ್ಯಾಯ ಕಾಯ್ದೆಯ 74ನೇ ಕಲಂ ಹೇಳುತ್ತದೆ, ಅದರಲ್ಲಿ ದೃಶ್ಯ ಮಾಧ್ಯಮವೂ ಸೇರಿದೆ. ಕಾಯ್ದೆ ಇಲ್ಲದಿದ್ದರೂ ನಾನು ಮಾಡಿಸುತ್ತಿರಲಿಲ್ಲ. ಬರೆದವನಿಗೆ ಕಥೆ ಬದಲಿಸಬೇಕೆನಿಸಿದೆ ಎಂದಷ್ಟೇ ಗುಂಪಿಗೆ ಹೇಳಿದೆವು. ಅದು ನಿಜವೂ ಆಗಿತ್ತು.

ಕಥೆಯನ್ನು ನದಿಯಿಂದ ಹತ್ತಿ ಮಾರುಕಟ್ಟೆಗೆ ತಂದೆವು. ರಾಯಚೂರಿನವರಿಗೆ ಹತ್ತಿ ಮಾರುಕಟ್ಟೆ ಮನೆಯಂಗಳ ಇದ್ದ ಹಾಗೆ. ಅಪ್ಪ ತೂಕ ಬರೆಯುವ ಗುಮಾಸ್ತ. ವ್ಯಾಪಾರಿ ತೂಕ ಕಡಿಮೆ ಬರೆಸುತ್ತಾನೆ. ರೈತ ಜಗಳ ತೆಗೆದಾಗ, ಅವತ್ತು ಕಾಟಾದ ಹತ್ತಿರ ಹುಡುಗ ಕೂತಿದ್ದ, ತಪ್ಪು ಬರೆದಿದ್ದಾನೆ ಎಂದು ಹೇಳು ಎಂದು ವ್ಯಾಪಾರಿ ಅಪ್ಪನಿಗೆ ಹೇಳಿಕೊಡುತ್ತಾನೆ. ಈ ಸಲ ಬಸು ರೈತನಿಗೆ ಹೆಸರು ಕೊಟ್ಟ. ಎತ್ತಿಲ್ಲದ ಮನೆ, ಬಾಡಿಗೆ ಗಾಡಿ, ಜೊತೆಗೆ ಬಂದ ಸಣ್ಣ ಮಗಳು ಎಲ್ಲ ಕೊಟ್ಟ. ಅವ್ವನನ್ನೂ ತಂದ. ಮೊದಲ ಎರಡು ಪ್ರತಿಯಲ್ಲಿ ಅವ್ವ ಎಂಬ ಪಾತ್ರವೇ ಇರಲಿಲ್ಲ, ಅದು ನನಗೂ ಕಂಡಿರಲಿಲ್ಲ. ಅಪ್ಪಂದಿರ ಸಿನಿಮಾ ಎಂದ ಕೂಡಲೇ ನಾವು ಅಡುಗೆಮನೆ ಬಾಗಿಲು ಮುಚ್ಚಿಬಿಡುತ್ತೇವೆ.

ಅಪ್ಪ "ನಾ ಒಲ್ಲೆ" ಎನ್ನುವ ಜಾಗಕ್ಕೆ ಬಂದಾಗ ಕ್ಯಾಮೆರಾ ಎಲ್ಲಿಡಬೇಕೆಂದು ಗುಂಪಿನಲ್ಲಿ ವಾದವಾಯಿತು. ಎಲ್ಲರೂ ಅಪ್ಪನ ಕ್ಲೋಸಪ್ ಎಂದರು. ಬಸು ಒಪ್ಪಲಿಲ್ಲ. "ಹೇಳೋರ ಮಾರಿ ಬ್ಯಾಡ್ರಿ. ಕೇಳಿಸ್ಕೊಳ್ಳೋ ಹುಡುಗನ ಮಾರಿ ತೋರಿಸ್ರಿ" ಎಂದ. ಹಾಗೇ ತೆಗೆದೆವು. ಅಪ್ಪನ ಧ್ವನಿ ಹೊರಗಿನಿಂದ ಬರುತ್ತದೆ. ಹುಡುಗ ಮೊದಲು ನಂಬುವುದಿಲ್ಲ, ಆಮೇಲೆ ಅಳು ತಡೆಯುತ್ತಾನೆ. 9 ನಿಮಿಷದ ಸಿನಿಮಾದಲ್ಲಿ ಅದು 20 ಸೆಕೆಂಡು. ಮ್ಯೂಸಿಕ್ ಹಾಕಲಿಲ್ಲ.

ನಾನು ಬದಲಿಸಿಕೊಂಡದ್ದು

ಈಗ ಮೊದಲ ಭಾನುವಾರವೇ ಮಕ್ಕಳಿಗೆ ಹೇಳುತ್ತೇನೆ, ನೀವು ಬರೆದದ್ದನ್ನು ಗುಂಪಿನಲ್ಲಿ ಓದಬೇಕೋ ಬೇಡವೋ ನೀವೇ ಹೇಳಿ, ಹಾಳೆಯ ಮೇಲೆ ಗುರುತು ಹಾಕಿ ಕೊಡಿ. ಅವತ್ತು ಬಸುನ ಜೀವನವನ್ನು 13 ಜನರೆದುರು ಓದಿ ಸಿಳ್ಳೆ ಹೊಡೆಸಿದವನು ನಾನು. ಗುಟ್ಟು ಕಾಪಾಡುತ್ತೇನೆ ಎಂದು ಮಾತು ಕೊಡುವುದಿಲ್ಲ. ಯಾರಿಗಾದರೂ ಪೆಟ್ಟಾಗುವ ವಿಷಯವಾದರೆ ಇನ್ನೊಬ್ಬರಿಗೆ ಹೇಳಬೇಕಾಗುತ್ತದೆ, ಆದರೆ ನಿನಗೆ ಗೊತ್ತಿಲ್ಲದೆ ಹೇಳುವುದಿಲ್ಲ ಎನ್ನುತ್ತೇನೆ. ಮಕ್ಕಳ ಸಹಾಯವಾಣಿ 1098, ಕಾನೂನು ನೆರವಿನ 15100, ಈ ಎರಡು ನಂಬರ್ ಗೋಡೆಗೆ ಅಂಟಿಸಿರುತ್ತೇನೆ. ಈ ಪ್ರಕರಣದಲ್ಲಿ ಎರಡನ್ನೂ ನಾನು ಹುಡುಕಿಕೊಂಡದ್ದು ಸೋಮವಾರ. ಭಾನುವಾರವೇ ಗೊತ್ತಿದ್ದರೆ ಒಂದು ದಿನ ಉಳಿಯುತ್ತಿತ್ತು.

ಸ್ಕ್ರಿಪ್ಟ್ ತಿದ್ದುವಾಗ ಈಗ ನಾನು ಖಾಲಿ ಜಾಗ ಹುಡುಕುತ್ತೇನೆ. ಮಕ್ಕಳು ಚೆನ್ನಾಗಿ ಬರೆದ ದೃಶ್ಯದಲ್ಲಿ ಒಬ್ಬರು ಮಾತ್ರ ಮಾತಾಡದೆ ನಿಂತಿದ್ದರೆ, ಆ ಸಾಲನ್ನು ತುಂಬು ಎಂದು ಒತ್ತಾಯ ಮಾಡುವುದಿಲ್ಲ. ಬೇರೆ ಯಾರಾದರೂ ತುಂಬಬೇಕಾದ ಸಾಲು ಅದಾಗಿರಬಹುದು. ಅಪ್ಪನ ಬದಲು ನಾನೋ ಬಸುವೋ ಒಂದು ಒಳ್ಳೆಯ ಸಾಲು ಬರೆದುಬಿಟ್ಟಿದ್ದರೆ ಸಿನಿಮಾ ಆಗುತ್ತಿತ್ತು, ಸೋಮವಾರ ಹುಡುಗ ಮೆಟ್ಟಿಲು ಹತ್ತುತ್ತಿದ್ದ. ಅಪ್ಪ ಬುಧವಾರ ಹೇಳಿದ ಮಾತು ಶುಕ್ರವಾರ ಮುರಿದುಬಿತ್ತು ನಿಜ. ಆದರೆ ಒಂದು ಸಲ ಬಾಯಿಂದ ಬಂದಿತ್ತು. ಅವ್ವ ಶನಿವಾರ ಪ್ರಶ್ನೆ ಕೇಳುವಾಗ ಆ ಮಾತು ಮನೆಯಲ್ಲಿ ಇನ್ನೂ ಇತ್ತು ಎಂದು ನಾನು ನಂಬಿದ್ದೇನೆ. ಬಸು ಹಾಗೆ ನಂಬುವುದಿಲ್ಲ. ಅವ್ವ ಹೋಗದಿದ್ದರೆ ಅಪ್ಪ ಕಳಿಸುತ್ತಿದ್ದರು ಎಂದೇ ಅವನು ಹೇಳುತ್ತಾನೆ. ಇದರಲ್ಲಿ ನನಗಿಂತ ಅವನ ಮಾತಿಗೆ ತೂಕ ಜಾಸ್ತಿ.

ಹೋದ ತಿಂಗಳು ಅವನು ಲರ್ನಿಂಗ್ ಲೈಸೆನ್ಸಿಗೆ ಅರ್ಜಿ ಹಾಕಲು ಬಂದವನು ನನ್ನ ಮನೆಗೂ ಬಂದ. ಮೊದಲ ಪ್ರತಿಯ 11 ಹಾಳೆ ನನ್ನ ಹತ್ತಿರವೇ ಉಳಿದಿದ್ದವು. ವಾಪಸ್ ಕೇಳಿದ. ನದಿಯದೇ ಕಥೆ, ಚಪ್ಪಲಿ ಹುಡುಕುವವರನ್ನೂ ಸೇರಿಸಿ, ಇದ್ದದ್ದು ಇದ್ದ ಹಾಗೆ ಬರೆಯಬೇಕು ಎಂದ. ಕೇಸು ಮುಗಿದಿಲ್ಲವಲ್ಲಪ್ಪ ಎಂದೆ.

"ಶೂಟ್ ಮಾಡಂಗಿಲ್ರೀ ಸರ್. ಬರೀತೀನಿ ಅಷ್ಟ."

ಕಪಾಟಿನಿಂದ ತೆಗೆದು ಕೊಟ್ಟೆ. ನಿಂತಲ್ಲೇ ಪುಟ ತಿರುವಿ, ಸ್ಲೋ ಮೋಷನ್ ಎಂದು ಬರೆದಿದ್ದ ಹಾಳೆಯನ್ನು ಬೇರೆ ಮಾಡಿ ನನಗೇ ವಾಪಸ್ ಕೊಟ್ಟು, ಉಳಿದ 10 ಹಾಳೆ ಮಡಚಿ ಜೇಬಿಗೆ ಇಟ್ಟುಕೊಂಡ.